ಬೇಡಿಕೆ ರೇಖೆ

ಮಹಾಲಿಂಗಪುರದ ಕಾಲೇಜಿನ್ಯಾಗ
ಹಂಜಿ ಮಾಸ್ತರು ಎಳದ ಬೇಡಿಕೆ ರೇಖೆ
ಎಡದಿಂದ ಬಲಕ್ಕ ಇಳೀತಿತ್ತು,
ಬಾವಿ ಮೆಟ್ಟಲ ಇಳಿದ್ಹಾಂಗ.
'ಬೆಲಿ ಏರಿದ್ರ ಬೇಡಿಕೆ ಇಳೀತದ, ಬರಕೋರಿ.'
ಬರಕೊಂಡೆ.

ಈಗ ಅವರು ಶಾಸಕರು, ನಾ ಅವರ ಗುಮಾಸ್ತ.
ನಸಕಿನ್ಯಾಗ ಬೇಡಿಕೆ ಮೆಟ್ಟಲ ಏರಿ ಬರತಾವ:
ಬೋರ್‌ವೆಲ್, ವರ್ಗಾವಣೆ, ಮಗಳ ಹಾಸ್ಟೆಲ್ ಸೀಟು.
ಒಬ್ಬಾಕಿಗೆ ಬರೇ ಸಹಿ ಬೇಕು,
ಎದಕ್ಕಂತ ಆಕಿಗೂ ಗೊತ್ತಿಲ್ಲ.
ಬೆಲಿ: ಒಂದು ನಮಸ್ಕಾರ.

ಬೆಳಗಾವಿ ಅಧಿವೇಶನದಾಗ ನಾಕು ನಿಮಿಷ ಸಿಕ್ಕಿತ್ತು.
ಕಬ್ಬಿನ ತೂಕ, ಸಕ್ಕರಿ ಇಳುವರಿ,
ಹತ್ತು ವರ್ಷದ ಅಂಕಿ ಓದಲಿಕ್ಕೆ ಹತ್ತಿದ್ರು;
ಎರಡನೇ ವರ್ಷಕ್ಕ ಗಂಟಿ ಆತು.
ಮಾಸ್ತರು ಸುಮ್ಮನ ತಿರುಗಿ
ಡಸ್ಟರ್ ಹುಡುಕಿದರು.

ಗೋಕಾಕ ದಾಟಿದ ಮ್ಯಾಲ ಕೇಳಿದ್ರು:
'ಹಾಜರಿ ಎಷ್ಟಿತ್ತಲೇ?'
'ಹನ್ನೊಂದು, ಸರ್. ಇಬ್ಬರು ಮಲಗಿದ್ರು.'
'ಹಂಗಾರ ಒಂಬತ್ತು,' ಅಂದ್ರು,
'ಬರಕೋ.'