ಬಿಡು ಅಂದಿದ್ದೆ

ಬಿಡು ಅಂತ ಕೂಗಿದ್ದೆ, ಸತ್ಯಮಿತ್ರ.
ಎರಡು ಸಲ ಕೂಗಿದ್ದೆ.
ಗಾಳಿ ಗದಗದ ಕಡಿಂದ ಬೀಸತಿತ್ತು,
ಚೆಂಡು ಸೀದಾ ನನ್ನ ಕೈಗೆ ಬರೂದಿತ್ತು,
ನೀ ಕಾಲು ಕೊಟ್ಟಿ.
ಹತ್ತೊಂಬತ್ತು ವರ್ಷದ ಆಟದಾಗ ನೀ ಹೊಡದದ್ದು ಎರಡ ಗೋಲು,
ಒಂದು ನನಗ.

ಜಾಳಿಗಿಯೊಳಗಿಂದ ಚೆಂಡು ನೀನ ತಗದು
ಅಂಗಿಲೆ ಒರಸಿ, ನಡುಗೆರಿ ಮ್ಯಾಲೆ ಇಟ್ಟು ಬಂದಿ,
ಎರವಲು ಸಾಮಾನು ತಿರುಗಿ ಕೊಡೋರ ಹಂಗ.
ಮೂವತ್ತೆಂಟು ವರ್ಷ ಆತು.
ಕೇಳಿಸಿತ್ತೋ ಇಲ್ಲೋ, ಇನ್ನೂ ಹೇಳಿಲ್ಲ ನೀ.

ಲೋಕೋ ಕಾಲನಿ ಇಲೆವೆನ್.
ನೀ ವ್ಯಾಗನ್ ಶಾಪಿನಾಗ ರಿವೆಟ್ ಬಡಿಯಾಂವ,
ನಾ ಕ್ಯಾಂಟೀನಿನಾಗ ಕಪ್ಪು ಬಸಿ ತೊಳಿಯಾಂವ.
ಭೋಂಗಾ ಹೊಡದ್ರ ಸಾಕು, ಒಂದ ಸೈಕಲ್, ಡಬಲ್ ಸೀಟು.
ನಿನ್ನ ಅಂಗಿಯ ಮೂರು ನಂಬರು ನಿಮ್ಮವ್ವ ಹೊಲದದ್ದು,
ಮೈದಾ ಚೀಲದ ಅರಿವಿಲೆ;
ತೊಳದಂಗೆಲ್ಲಾ ಮೂರು ಮಾಸಿ
ಗಿರಣಿ ಹೆಸರು ಎದ್ದು ಬರತಿತ್ತು.

ಮಡಗಾಂವದಾಂವ ಬಂದಿದ್ದು ನೆನಪೈತೇನು?
ದುರ್ಗದಬೈಲಿನ ಖಾನಾವಳ್ಯಾಗ ನಮ್ಮನ್ನ ಕುಂಡ್ರಿಸಿ
ತಾಟಿನ ಬುಡಕ ಎರಡು ಪಾಕೀಟ ಸರಿಸಿದ.
ನಾ ರೊಟ್ಟಿ ಮುರಿಯೂದು ಬಿಟ್ಟು ಪಾಕೀಟ ತಗೊಂಡೆ.
ನೀ ರೊಟ್ಟಿ ಮುರದಿ, ಝುಣಕ ಹಚಕೊಂಡಿ,
"ಶುಕ್ರವಾರ ಜಾಳಿಗಿ ಹೆಣಿಯೂದೈತಿ" ಅಂದಿ.
ಅಷ್ಟ.
ಹುಟ್ಟಿದ ಮಣ್ಣು ಅನ್ನಲಿಲ್ಲ, ಕ್ಲಬ್ಬು ನಮ್ಮವ್ವ ಅನ್ನಲಿಲ್ಲ,
ಹರಕ ಜಾಳಿಗಿ, ಶುಕ್ರವಾರ.

ಬಸ್‌ಸ್ಟ್ಯಾಂಡಿನಾಗ ನಾ ಮತ್ತ ಅಂದೆ:
ಬಿಡಲೇ, ಈ ಊರು ಬಿಡು.
ನೀ ನನ್ನ ಟ್ರಂಕು ಬಸ್ಸಿನ ಟಾಪಿಗೆ ಏರಿಸಿ ಹಗ್ಗ ಬಿಗಿದಿ.
ಎಷ್ಟ ಗಟ್ಟಿ ಬಿಗಿದಿದ್ದಿ ಅಂದ್ರ
ಮಡಗಾಂವಿನಾಗ ಇಳದು ಕತ್ತರಿ ಕೇಳಬೇಕಾತು.

ನಾಕು ಅಂಗಿ ಬದಲಿಸಿದೆ ನಾ. ನೀಲಿ, ಹಸರು,
ಒಂದು ಪಟ್ಟಿಪಟ್ಟಿದು, ಒಂದರ ಬಣ್ಣ ಮರತೀನಿ.
ಪೇಪರಿನಾಗ ಹೆಸರೂ ಬಂತು, ದಾವಲಸಾಬ ಹೋಗಿ ಧವಳಸಾಬ ಅಂತ.
ಮೊಣಕಾಲು ಸಪ್ಪಳ ಮಾಡಾಕ ಹತ್ತಿದ ಮ್ಯಾಲೆ
ರೈಲು ಹತ್ತಿ ಬಂದೆ. ನೀ ಅಲ್ಲೇ ಇದ್ದಿ, ಎಡಗಡೆ ಗೆರಿ ಮ್ಯಾಲೆ,
ಕೈಯಾಗ ಸುಣ್ಣದ ಡಬ್ಬಿ.
ಡಬ್ಬಿ ಅಲ್ಲ. ನಾವು ಗೆದ್ದಿದ್ದ ಒಂದ ಒಂದು ಕಪ್,
ಮುಚ್ಚಳ ಕಳದದ್ದು. ಅದರಾಗ ಸುಣ್ಣ ತುಂಬಕೊಂಡು
ಬಗ್ಗಿ ಬಗ್ಗಿ ಗೆರಿ ಎಳೀತಿದ್ದಿ.

ಕಂಪೌಂಡ್ ಗ್ವಾಡಿ ಮತ್ತ ಒಳಗ ಸರದೈತಿ ಈ ವರ್ಷ.
ನಿನ್ನ ಗೆರಿನೂ ಎರಡು ಹೆಜ್ಜಿ ಸರೀತು.
ತಕರಾರಿಲ್ಲ, ಅರ್ಜಿ ಇಲ್ಲ.
ಹೊಸಾ ಗೆರಿಗೆ ಹೊಸಾ ಸುಣ್ಣ.

ಈಗ ನಿನಗ ಕೋಚ್ ಸರ್ ಅಂತಾರ.
ಮೂವತ್ತು ಹುಡುಗೂರು, ಎಂಟು ಜೋಡಿ ಬೂಟು,
ಪಾಳಿ ಹಚ್ಚಿ ಹಾಕ್ಕೋತಾರ.
ಗೋಲು ಹೊಡಿಯೂದು ನೀ ಕಲಸೂದಿಲ್ಲ. ನಿನಗ ಬಂದ್ರಲ್ಲಾ?
"ಮುಂದ ಓಡೂದು ನಾಯಿಗೂ ಬರತೈತಿ!
ತಿರುಗಿ ಓಡ್ರಿ! ನಿಮ್ಮ ಜಾಗಾಕ್ಕ ಬರ್ರಿ!"
ಅಂತ ಒದರತಿ,
ಗ್ವಾಡಿ ಮ್ಯಾಲೆ ಕುಂತು ಚಾ ಕುಡಿಯೋ ನಾನೂ
ಎದ್ದು ನಿಂದರತೀನಿ.

ಇವತ್ತ ಗೋಲಕೀಪರ್ ಹುಡುಗಗ ಜ್ವರ. ನೀ ನಿಲ್ಲು ಅಂದಿ.
ಅರವತ್ತೊಂದರ ಮೊಣಕಾಲು ತಗೊಂಡು ನಿಂತೆ.
ಗ್ಯಾಂಗಮನ್ ಮಗಳು ನೀಲವ್ವ ಎಡಕ್ಕಿಂದ ಚೆಂಡು ಎತ್ತಿದ್ಲು,
ನೀ ಅಡ್ಡ ಬಂದಿ, ಹಳೇ ಚಟ,
ನಾ ಬಾಯಿ ತಗಿಯೂದರಾಗ
ನೀನ ಅಂದಿ: "ಬಿಟ್ಟೆ."
ಒಂಟಿಗಾಲಿಲೆ ನಿಂತಿ, ಕೊಕ್ಕರಿ ಹಂಗ.

ಚೆಂಡು ನಿನ್ನ ಕಾಲ ಬುಡಕ ಹಾತು,
ನನ್ನ ಎರಡೂ ಕೈ ನಡು ಹಾತು.
ಹುಡುಗೂರು ಬಿದ್ದು ಬಿದ್ದು ನಕ್ಕರು.
ಆ ಜಾಳಿಗಿ, ಎಷ್ಟ ಸಲ ಹೆಣದೀಯಪಾ ಅದನ್ನ,
ಹಗ್ಗಕ್ಕಿಂತ ಗಂಟ ಜಾಸ್ತಿ,
ಚೆಂಡು ಹಿಡಕೊಂಡಿದ್ದು
ಜಗ್ಗಿದ್ರೂ ಬಿಡಲಿಲ್ಲ.