ತಾಯತ

ಬೇಲಿಮುಳ್ಳಿನಿಂದ ಕೂದಲು ಬಿಡಿಸುವುದು ನನ್ನ ಕೆಲಸ,
ಜೋಗಿಮಟ್ಟಿಯ ಈ ಮಗ್ಗುಲಲ್ಲಿ, ಹತ್ತೊಂಬತ್ತು ವರ್ಷದಿಂದ.
ಬೆರಳಲ್ಲಿ ಹೊಸೆದರೆ ಸಾಕು, ಕಣ್ಣು ಬೇಡ:
ಒರಟು, ಗೇಣುದ್ದ, ಹುತ್ತದ ಮಣ್ಣಿನ ವಾಸನೆ, ಕರಡಿ.
ಗಿಡ್ಡ, ನಯ, ಚಿರತೆ.
ಉಳಿದದ್ದೆಲ್ಲ ಮೇಕೆ.
ಕವರಿಗೆ ಹಾಕಿ, ತಾರೀಖು ಬರೆದು, ಹೊಲದವರ ಹೆಸರು ಬರೆದು
ಡಾಕ್ಟ್ರಮ್ಮನ ಜೀಪಿನಲ್ಲಿಡುತ್ತೇನೆ.

ನಮ್ಮಪ್ಪ ಕರಡಿ ಆಡಿಸುತ್ತಿದ್ದ.
ಚಳ್ಳಕೆರೆ, ಹಿರಿಯೂರು, ಹೊಳಲ್ಕೆರೆ, ಸಂತೆಯಿಂದ ಸಂತೆಗೆ
ಮೂಗಿನ ಹಗ್ಗ ಹಿಡಿದು, ಡಮರು ಬಡಿದು.
ನೂರಿ ಅಂತ ಅವಳ ಹೆಸರು.
ನನ್ನ ಚಾಪೆಯ ಇನ್ನೊಂದು ತುದಿ ಅವಳದು.
ಬೆಚ್ಚುವ ಮಕ್ಕಳನ್ನು ಬೆನ್ನಿಗೆ ಹತ್ತಿಸಿದರೆ ಎರಡು ರೂಪಾಯಿ,
ತಾಯತಕ್ಕೆ ಐದು:
"ಕರಡಿ ಕೂದ್ಲು ತಾಯೀ, ಇನ್ನು ಈ ಜನ್ಮದಲ್ಲಿ ಹೆದರಲ್ಲ ನಿನ್ನ ಮಗ."

ಇಲಾಖೆಯವರು ನೂರಿಯನ್ನು ವ್ಯಾನಿಗೆ ಹತ್ತಿಸಿದ ದಿನ
ಅಪ್ಪ ಹಗ್ಗವನ್ನು ಸುತ್ತಿ ಸುತ್ತಿ ಮಡಿಲಲ್ಲಿಟ್ಟುಕೊಂಡಿದ್ದ.
ನಾಲ್ಕು ವರ್ಷ ಕಳೆದು ಅದೇ ಇಲಾಖೆ
ನನಗೊಂದು ಟಾರ್ಚು ಕೊಟ್ಟಿತು, ದಿನಗೂಲಿ,
ಎರಡು ಸೈಜು ದೊಡ್ಡದಾದ ಖಾಕಿ ಅಂಗಿ.

ಸೀತಾಫಲ ಕಣ್ಣು ಬಿಡುವ ಹೊತ್ತಿಗೆ
ಗುಡ್ಡದ ಗುಡಿಯಿಂದ ಮರಿಸಿದ್ದಯ್ಯ ಫೋನು ಮಾಡಿದ:
"ಶಿವಪೂಜೇಲಿ ಕರಡಿ ಅಂತಿದ್ರಲ್ಲ, ಬಾರೋ, ಕಣ್ಣಾರೆ ನೋಡು."
ನಂದಾದೀಪದ ಎಣ್ಣೆ ನೆಕ್ಕಿ, ಬತ್ತಿ ಉಗಿದು,
ಲಿಂಗ ಮುಟ್ಟದೆ ಹೋಗಿದ್ದಳು.
ಕಲ್ಲುಹಾಸಿನ ಮೇಲೆ ಎಣ್ಣೆಯ ಹೆಜ್ಜೆ.
ಪಕ್ಕದಲ್ಲಿ ಪುಟ್ಟವು, ಎರಡು ಜೊತೆ.

ಊರಿಗೆಲ್ಲ ಹೇಳಿ ಬಂದೆ: ಕತ್ತಲಲ್ಲಿ ಹೊಲಕ್ಕೆ ಹೋಗಬೇಡಿ.
ಸರಿ ಎಂದರು. ತ್ರೀ ಫೇಸು ಕರೆಂಟು ಬರುವುದೇ ಬೆಳಗಿನ ನಾಲ್ಕಕ್ಕೆ.

ಪಾಲಯ್ಯ ಮೋಟರಿನ ಗುಂಡಿ ಒತ್ತಿ ತಿರುಗಿದ್ದಾನೆ.
ಒಂದೇ ಏಟು. ಹಣೆಯಿಂದ ದವಡೆಯವರೆಗೆ.
ಶೇಂಗಾ ತುಂಬುವ ಟೆಂಪೊದಲ್ಲಿ ದುರ್ಗಕ್ಕೆ ಒಯ್ಯುವಾಗ
ಅವನ ತಲೆ ನನ್ನ ತೊಡೆಯ ಮೇಲೆ.
ಹಿಂದೆ ಕೂತವರು ಒಂದೇ ಮಾತು:
"ನಿಮ್ಮ ಕರಡಿ."

ನರ್ಸು ತೋಳಿನ ದಾರ ಕತ್ತರಿಸಿ
ತಗಡಿನದೊಂದು ತಾಯತ ನನ್ನ ಅಂಗೈಗೆ ಹಾಕಿದಳು.
ಮಡಿಸಿದ ರೀತಿಯಲ್ಲೇ ಗುರುತು ಸಿಕ್ಕಿತು, ಅಪ್ಪನ ಕೈ.
ವರಾಂಡದಲ್ಲಿ, ಯಾರೂ ನೋಡದಾಗ, ಬಿಚ್ಚಿ ಹೊಸೆದೆ.

ಮೇಕೆ.

ಅಪ್ಪ, ನೂರಿಯ ಮೈ ಬೋಳಾಗಬಾರದೆಂದು ಹೀಗೆ ಮಾಡಿದೆಯಾ,
ಇಲ್ಲ, ಐದು ರೂಪಾಯಿಗೆ ಇಷ್ಟೇ ಸಾಕೆಂದೊ?
ಕೇಳೋಣವೆಂದರೆ ಖಬರಸ್ತಾನದಲ್ಲಿ ಮಲಗಿದ್ದೀಯ.

ತಿಂಗಳ ಮೇಲೆ ಪರಿಹಾರದ ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಲು ಹೋದೆ.
ಹೊಲಿದ ತುಟಿಯ ಒಂದು ಬದಿಯಿಂದ ಮಾತು:
"ಮರಿ ಎಷ್ಟಿದ್ವು?"
"ಎರಡು."
"ಹಂಗಾದ್ರೆ ಸರಿ ಬಿಡು."
ಸ್ವಲ್ಪ ಹೊತ್ತು ಬಿಟ್ಟು, "ನನ್ನ ತಾಯತ ಎಲ್ಲೋಯ್ತೊ?"

ಮರುದಿನ ಅವನದೇ ಬೇಲಿಯಲ್ಲಿ ಸಿಕ್ಕಿತು,
ಕರೀದು, ಗೇಣುದ್ದ, ಎಣ್ಣೆಯ ಜಿಡ್ಡು ಇನ್ನೂ ಇದ್ದ ಹಾಗಿತ್ತು.
ತಗಡಿನೊಳಗೆ ಸುರುಳಿ ಸುತ್ತಿ ಬಾಯಿ ಮಡಚಿದೆ,
ಕರಿದಾರ ಪೋಣಿಸಿದೆ.
ಕವರಿನ ಮೇಲೆ ಬರೆದೆ: ಪಾಲಯ್ಯನ ಹೊಲ. ಕೂದಲು ಸಿಗಲಿಲ್ಲ.

ಈಗಲೂ ಕರೆಂಟು ನಾಲ್ಕಕ್ಕೇ.
ಮೇಲೆ ಗಾಳಿಯ ಫ್ಯಾನುಗಳು ತಿರುಗುತ್ತಿರುತ್ತವೆ, ಕೆಂಪು ದೀಪ ಮಿಟುಕಿಸಿ.
ಕೆಳಗೆ ಪಾಲಯ್ಯ ಬರುತ್ತಾನೆ, ನಾನು ಹೇಳಿಕೊಟ್ಟಂತೆ
ದೂರದಿಂದಲೇ ಕೆಮ್ಮುತ್ತ,
ಯಾರಿಗೆ ಕೇಳಿಸಬೇಕೊ ಅವರಿಗೆ ಕೇಳಿಸುವಷ್ಟು.