ಅಂಗಳದಲ್ಲಿ ಆಂಬುಲೆನ್ಸ್

ಈ ವಾರ ಇದು ಮೂರನೆಯ ಸಲ.
ಥೇಮ್ಸ್ ಗಾಳಿಗೆ ಹಿಂಬಾಗಿಲು ತಾನೇ ತೆರೆದುಕೊಳ್ಳುತ್ತದೆ,
ಹಗ್ಗ ಕಟ್ಟಿದ್ದೇನೆ.

ಒಳಗೆ ಇಡ್ವಾಲ್ ಪ್ರಿಚರ್ಡ್, ಗಣಿಯೂರಿನ ಸದಸ್ಯ,
ಮೂಗಿಗೆ ನಳಿಗೆ, ಕಂಬಳಿಯಡಿ ಪೈಜಾಮ,
ಪೈಜಾಮದ ಮೇಲೆ ಟೈ.
"ಸದನಕ್ಕೆ ಬಂದಿದ್ದೀನಲ್ಲ ಮಾರಾಯ್ತಿ,
ಮರ್ಯಾದೆ ಬೇಡವೇ?"

ಗಂಟೆ ಬಡಿಯಿತು. ಎಂಟೇ ನಿಮಿಷ.
ಕಲ್ಲುಹಾಸಿನ ಮೇಲೆ ಬೂಟುಗಳ ಓಟ:
ಬಾರಿನಿಂದ, ಗ್ರಂಥಾಲಯದಿಂದ, ಯಾರದೋ ಮಗ್ಗುಲಿನಿಂದ
ಗುಂಡಿ ಹಾಕಿಕೊಳ್ಳುತ್ತಾ ಬಂತು
ಬಹುಮತವಿಲ್ಲದ ಸರಕಾರ.

ಆ ಕಡೆಯವನೊಬ್ಬ, ಈ ಕಡೆಯವನೊಬ್ಬ
ಹತ್ತಿ ಇಣುಕಿದರು.
ಈ ಕಡೆಯವನು ಉಸಿರು ಬಿಗಿಹಿಡಿದಿದ್ದ.
ಆ ಕಡೆಯವನು ನಾಡಿ ಹಿಡಿದ, ತುಂಬಾ ಹೊತ್ತು,
ಸಾಲ ವಸೂಲಿಗೆ ಬಂದವನ ಹಾಗೆ.
"ಇದ್ದಾನೆ," ಅಂದ, ಸೋತ ದನಿ.
ಇಳಿಯುವ ಮುಂಚೆ ಜಾರಿದ ಕಂಬಳಿ ಎಳೆದು
ಪಾದ ಮುಚ್ಚಿ ಹೋದ.

ಎಣಿಕೆ ಮುಗಿಯಿತು: ಒಂದು ಹೆಚ್ಚು.
ಮಸೂದೆ ಮೀನಿನ ಬಲೆಯ ಕಣ್ಣಳತೆಯದಂತೆ.
ಇವನ ಊರಿನಲ್ಲಿ ಸಮುದ್ರವೇ ಇಲ್ಲ.

ಲ್ಯಾಂಬೆತ್ ಸೇತುವೆ ಮೇಲೆ ಕೇಳಿದ: "ಗೆದ್ದೆವಾ?"
ಗೆದ್ದಿರಿ ಅಂದೆ.
"ಎಷ್ಟರಲ್ಲಿ?"
ನಿಮ್ಮಷ್ಟರಲ್ಲಿ.
ನಗಲು ಹೋಗಿ ಕೆಮ್ಮಿದ,
ಕೆಮ್ಮಿಗೆ ಬಾಗಿಲು ಅದುರಿತು.

ಗುರುವಾರ ಬಜೆಟ್ಟು.
ಹಗ್ಗ ಸಾಲದು, ಅಷ್ಟರೊಳಗೆ
ಕೊಂಡಿ ಹಾಕಿಸಬೇಕು.